ಬಳುಕದ ಕೋಲಿಗೆ ಬಳುಕು ಕಲಿಸಿದ್ದು

ಶಿವಮೊಗ್ಗದಲ್ಲಿದ್ದುಕೊಂಡು ಗಾಲ್ಫ್ ಆಡ್ತೀನಿ ಅಂದರೆ ಜನ ಮೊದಲು ಕೇಳುವುದು ‘ಎಲ್ಲಿ ಸಾರ್?’ ಅಂತ. ನ್ಯಾಯವಾದ ಪ್ರಶ್ನೆಯೇ. ಭತ್ತ ಕೊಯ್ದ ಮೇಲೆ ತೀರ್ಥಹಳ್ಳಿ ಹತ್ತಿರದ ನಮ್ಮ ಗದ್ದೆಯಲ್ಲಿ ಹೊಡೆಯುತ್ತೇನೆ. ಕೂಳೆಯ ನಡುವೆ ಚೆಂಡು ಹುಡುಕುವುದರಲ್ಲೇ ಅರ್ಧ ವ್ಯಾಯಾಮ ಆಗುತ್ತದೆ. ತಿಂಗಳಿಗೊಮ್ಮೆ ಚಿಕ್ಕಮಗಳೂರಿನ ಕೋರ್ಸ್‌ಗೆ ಹೋಗುತ್ತೇನೆ. ಮಳೆಗಾಲದಲ್ಲಿ ಎರಡೂ ಇಲ್ಲ.

ಹುಚ್ಚು ಹತ್ತಿದ್ದು 2021ರ ಆಗಸ್ಟ್‌ನಲ್ಲಿ. ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಬೆಂಗಳೂರಿನ ಹುಡುಗಿ ಅದಿತಿ ಅಶೋಕ್ ಕೊನೆಯ ದಿನದವರೆಗೂ ಪದಕದ ಸಾಲಿನಲ್ಲಿದ್ದಳು. ಬೆಳಗಿನ ಜಾವ ಎದ್ದು ಟಿವಿ ಮುಂದೆ ಕೂತಿದ್ದೆ. ಆಟದ ನಿಯಮ ಒಂದೂ ಗೊತ್ತಿಲ್ಲ. ಒಂದೇ ಒಂದು ಹೊಡೆತದಲ್ಲಿ ಪದಕ ತಪ್ಪಿ ನಾಲ್ಕನೆಯವಳಾದಳು. ಹೊಟ್ಟೆ ಉರಿಯಿತು. ಆಮೇಲೆ ಬೆಂಗಳೂರಿನ ಭಾವನಿಗೆ ಫೋನ್ ಮಾಡಿ, ‘ನಿಮ್ಮ ಹಳೇ ಸೆಟ್ ಅಟ್ಟದ ಮೇಲೆ ಸುಮ್ನೆ ಬಿದ್ದಿದೆಯಲ್ಲ, ನನಗೆ ಕೊಡ್ತೀರಾ?’ ಅಂತ ಕೇಳಿದೆ. ಕೊಟ್ಟರು.

ತಾಪತ್ರಯ ಶುರುವಾಗಿದ್ದು ಅಲ್ಲಿಂದಲೇ. ಭಾವ ಆರಡಿ ಆಳು. ಪ್ರಾಯದಲ್ಲಿ ಕ್ರಿಕೆಟ್‌ನಲ್ಲಿ ವೇಗದ ಬೌಲಿಂಗ್ ಮಾಡುತ್ತಿದ್ದವರು. ನಾನು ಪಾಲಿಟೆಕ್ನಿಕ್‌ನಲ್ಲಿ ಮೆಕ್ಯಾನಿಕಲ್ ಪಾಠ ಮಾಡಿ ನಿವೃತ್ತನಾದವನು. ಐದಡಿ ಐದಂಗುಲ. ಭುಜದ ನೋವು ಬೇರೆ. ಅವರ ಕೈಗೆ ಸರಿಹೋದ ಕೋಲು ನನ್ನ ಕೈಗೆ ಹಾರೆ. ಎಷ್ಟು ಬೀಸಿದರೂ ಚೆಂಡು ಮೊಣಕಾಲೆತ್ತರದಲ್ಲಿ ಬಲಕ್ಕೆ ಹೋಗಿ ಬೀಳುತ್ತಿತ್ತು. ಅಂಗೈ ಜುಮ್ ಅನ್ನುತ್ತಿತ್ತು. ಮೂರು ವರ್ಷ ಇದು ನನ್ನದೇ ತಪ್ಪು ಅಂದುಕೊಂಡಿದ್ದೆ. ಮುಕ್ಕಾಲು ಪಾಲು ನನ್ನದೇ, ಸುಳ್ಳಲ್ಲ. ಆದರೆ ಚಿಕ್ಕಮಗಳೂರಿನಲ್ಲಿ ಒಬ್ಬ ಹಿರಿಯರು ನನ್ನ ಆರನೇ ನಂಬರಿನ ಐರನ್ (ಲೋಹದ ಚಪ್ಪಟೆ ತಲೆಯ ಕೋಲು) ತಗೊಂಡು ಎರಡು ಸಲ ಅಲ್ಲಾಡಿಸಿ, ‘ಈ ಶಾಫ್ಟ್ ನಿಮಗಲ್ಲ, ಇದರ ಫ್ಲೆಕ್ಸ್ ನೋಡಿ’ ಅಂದರು.

ಫ್ಲೆಕ್ಸ್ ಅಂದರೆ ನಮ್ಮೂರಲ್ಲಿ ಸರ್ಕಲ್‌ನಲ್ಲಿ ಕಟ್ಟುವ ಹುಟ್ಟುಹಬ್ಬದ ಬ್ಯಾನರ್. ಗಾಲ್ಫ್‌ನಲ್ಲಿ ಅದು ಕೋಲಿನ ಬಳುಕು. ಶಾಫ್ಟ್ ಅಂದರೆ ಹಿಡಿಗೂ ಚೆಂಡಿಗೆ ತಾಗುವ ತಲೆಗೂ ನಡುವಿನ ಕೊಳವೆ, ಅದರ ಮೇಲೆ ಒಂದು ಅಕ್ಷರ ಇರುತ್ತದೆ. ಎಲ್ ಅಂದರೆ ತುಂಬಾ ಬಳುಕುವುದು, ಆಮೇಲೆ ಎ, ಆರ್, ಎಸ್, ಕೊನೆಗೆ ಎಕ್ಸ್ ಅಂದರೆ ಕಬ್ಬಿಣದ ಕಡಲೆ. ನನ್ನ ಐರನ್‌ಗಳ ಮೇಲೆ ಎಸ್ ಇತ್ತು. ತಮಾಷೆ ಏನೆಂದರೆ ಈ ಅಕ್ಷರಗಳಿಗೆ ಎಲ್ಲರೂ ಒಪ್ಪಿದ ಅಳತೆ ಅಂತ ಒಂದಿಲ್ಲ. ಒಂದು ಕಂಪನಿಯ ಆರ್ ಇನ್ನೊಂದು ಕಂಪನಿಯ ಎಸ್‌ಗಿಂತ ಬಿಗಿ ಇರಬಹುದು. ಅಂಗಡಿಯಲ್ಲಿ ಚಪ್ಪಲಿ ನಂಬರ್ ಇದ್ದ ಹಾಗೆ, ಹಾಕಿ ನೋಡಿಯೇ ತಿಳಿಯಬೇಕು.

ಹೊಸ ಶಾಫ್ಟ್ ಹಾಕಿಸಲು ಬೆಂಗಳೂರಿಗೆ ಹೋಗಬಹುದಿತ್ತು. ಏಳು ಐರನ್, ದೂರ ಹೊಡೆಯುವ ಉದ್ದ ಕೋಲು ಡ್ರೈವರ್ ಒಂದು, ಇವೆರಡರ ನಡುವಿನ ಜಾತಿಯ ಹೈಬ್ರಿಡ್ ಒಂದು. ಖರ್ಚು ಕೇಳಿ ಸುಮ್ಮನಾದೆ. ಜೊತೆಗೆ ಒಂದು ಜಂಬವೂ ಇತ್ತು. ಒಂದು ತುದಿ ಹಿಡಿದ ತೊಲೆ ಇನ್ನೊಂದು ತುದಿಯಲ್ಲಿ ಎಷ್ಟು ಬಾಗುತ್ತದೆ ಅಂತ ವರ್ಷ ವರ್ಷ ಬೋರ್ಡಿನ ಮೇಲೆ ಲೆಕ್ಕ ಮಾಡಿಸಿದವನು ನಾನು. ಗಾಲ್ಫ್ ಕೋಲು ಅಂದರೆ ಅದೇ ತಾನೇ?

ಮೊದಲು ಅಳತೆ. ಇದಕ್ಕೆಂದೇ ಯಂತ್ರ ಇದೆ. ಕೋಲಿನ ಹಿಡಿ ಭಾಗವನ್ನು ಬಿಗಿಯಾಗಿ ಕಚ್ಚಿಸಿ, ತಲೆಯನ್ನು ಒಮ್ಮೆ ಮೀಟಿದರೆ ನಿಮಿಷಕ್ಕೆ ಎಷ್ಟು ಸಲ ಆಡಿತು ಅಂತ ತೋರಿಸುತ್ತದೆ. ಬಿಗಿ ಕೋಲು ಬೇಗ ಬೇಗ ಆಡುತ್ತದೆ, ಬಳುಕುವ ಕೋಲು ನಿಧಾನ. ನನ್ನ ಹತ್ತಿರ ಇದ್ದದ್ದು ಇಕ್ಕಳದ ಹಾಗೆ ಬಿಗಿಹಿಡಿಯುವ ಬೆಂಚ್ ವೈಸ್ ಮತ್ತು ಮಗಳು ಕೊಟ್ಟ ಫೋನ್. ಹಲಸಿನ ಮರದ ಎರಡು ತುಂಡಿಗೆ ಅರ್ಧ ಅರ್ಧ ತೋಡು ಕೊರೆದು, ನಡುವೆ ಕೋಲಿಟ್ಟು ವೈಸ್‌ನಲ್ಲಿ ಕಚ್ಚಿಸಿದೆ. ಫೋನನ್ನು ಸೆಕೆಂಡಿಗೆ 240 ಚಿತ್ರ ತೆಗೆಯುವ ಸ್ಲೋ ಮೋಷನ್‌ಗೆ ಹಾಕಿದೆ. ತಲೆಯನ್ನು ಕೆಳಗೆ ಎಳೆದು ಬಿಟ್ಟೆ. ಆಮೇಲೆ ವಿಡಿಯೋವನ್ನು ಒಂದೊಂದೇ ಚಿತ್ರ ಸರಿಸುತ್ತಾ ಹತ್ತು ತೂಗಾಟಕ್ಕೆ ಎಷ್ಟು ಚಿತ್ರ ಹಿಡಿಯಿತು ಅಂತ ಎಣಿಸಿದೆ. 1,44,000ವನ್ನು ಆ ಸಂಖ್ಯೆಯಿಂದ ಭಾಗಿಸಿದರೆ ನಿಮಿಷದ ಲೆಕ್ಕ ಸಿಗುತ್ತದೆ. ಆರನೇ ಐರನ್‌ಗೆ 480 ಚಿತ್ರ. ಅಂದರೆ ನಿಮಿಷಕ್ಕೆ 300.

ಈ 300ನ್ನು ಬೇರೆಯವರ ಯಂತ್ರದ ಅಂಕಿಗೆ ಹೋಲಿಸಬಾರದು. ಯಂತ್ರದಲ್ಲಿ ಸಾಮಾನ್ಯವಾಗಿ ಹಿಡಿಯ ಐದು ಇಂಚು ಕಚ್ಚಿಸುತ್ತಾರೆ, ನನ್ನ ಮರದ ತುಂಡು ಇದ್ದದ್ದು ಮೂರೂವರೆ ಇಂಚು. ಕಚ್ಚುವ ಉದ್ದ ಬದಲಾದರೆ ಅಂಕಿಯೂ ಬದಲು. ಆದರೆ ನನ್ನ ಇವತ್ತಿನ ಕೋಲನ್ನು ನನ್ನ ನಾಳೆಯ ಕೋಲಿಗೆ ಹೋಲಿಸಲು ಇಷ್ಟು ಸಾಕು. ಎಲ್ಲದಕ್ಕೂ ಮೂರು ಮೂರು ಸಲ ಎಣಿಸಿ ಹಳೇ ಹಾಜರಿ ಪುಸ್ತಕದಲ್ಲಿ ಬರೆದೆ. ಅಡುಗೆಮನೆಯಿಂದ ಬಂದ ಇವಳು, ‘ಏನ್ರೀ, ಇನ್ನೂ ಹಾಜರಿ ಕೂಗ್ತಾ ಇದ್ದೀರಾ?’ ಅಂದಳು.

ಪುಸ್ತಕ ತುಂಬಿದ ಮೇಲೆ ಗೊತ್ತಾಗಿದ್ದು ಇದು. ಐರನ್‌ಗಳು ನನಗೆ ಬಿಗಿ. ಡ್ರೈವರ್ ಮಾತ್ರ ಉಲ್ಟಾ. ಅದರ ಗ್ರಾಫೈಟ್ (ಅಂದರೆ ಕಾರ್ಬನ್ ಎಳೆಯ) ಶಾಫ್ಟ್ ಮೇಲೂ ಎಸ್ ಅಂತಲೇ ಇತ್ತು, ಆಡಿದ್ದು ಮಾತ್ರ ಬರೀ 252. ಬೀಸಿದರೆ ತಲೆ ಎಲ್ಲೋ ಹಿಂದೆ ಉಳಿದುಬಿಟ್ಟಿದೆ ಅನ್ನಿಸುತ್ತಿತ್ತು.

ಬಳುಕುವುದನ್ನು ಬಿಗಿ ಮಾಡುವುದು ಸುಲಭ, ಕತ್ತರಿಸಿದರೆ ಆಯಿತು. ತೊಲೆಯ ಉದ್ದ ಎರಡರಷ್ಟಾದರೆ ಅದೇ ಭಾರಕ್ಕೆ ಬಾಗುವುದು ಎಂಟರಷ್ಟು. ಅಂದಮೇಲೆ ಒಂದಿಂಚು ಕಡಿಮೆಯಾದರೂ ವ್ಯತ್ಯಾಸ ಕಾಣುತ್ತದೆ. ಯಾವ ತುದಿಯಲ್ಲಿ ಕತ್ತರಿಸುತ್ತೀರಿ ಅನ್ನುವುದೂ ಮುಖ್ಯ. ಹಿಡಿಯ ಕಡೆ ದಪ್ಪ, ತಲೆಯ ಕಡೆ ಸಪೂರ. ಸಪೂರ ತುದಿಯೇ ಜಾಸ್ತಿ ಬಳುಕುವ ಭಾಗ, ಅದನ್ನು ಕತ್ತರಿಸಿದರೆ ಕೋಲು ಬೇಗ ಬಿಗಿಯಾಗುತ್ತದೆ. ಹಿಡಿಯ ಕಡೆ ಅಷ್ಟೇ ಕತ್ತರಿಸಿದರೆ ಅಷ್ಟು ಆಗುವುದಿಲ್ಲ.

ಬಿಗಿ ಇದ್ದದ್ದಕ್ಕೆ ಬಳುಕು ತರುವುದೇ ಕಷ್ಟ. ಕತ್ತರಿಸಿದ್ದನ್ನು ಬೆಳೆಸಲು ಅದೇನು ಬಿದಿರೇ? ಹಿಂದೆ ಗಾಲ್ಫ್ ಕೋಲನ್ನು ಹಿಕರಿ ಅನ್ನುವ ಮರದಲ್ಲಿ ಮಾಡುತ್ತಿದ್ದರು. ಆಗ ಬಿಗಿ ಅನ್ನಿಸಿದರೆ ಕೆತ್ತುವವನು ಸ್ವಲ್ಪ ಹೆರೆದು, ಉಜ್ಜಿ ಕೊಡುತ್ತಿದ್ದ. 1929ರಲ್ಲಿ ಗಾಲ್ಫ್ ನಿಯಮ ಮಾಡುವ, ಸ್ಕಾಟ್ಲೆಂಡಿನ ಸೇಂಟ್ ಆಂಡ್ರ್ಯೂಸ್‌ನ ಆರ್ ಅಂಡ್ ಎ ಸಂಸ್ಥೆ ಉಕ್ಕಿನ ಶಾಫ್ಟ್‌ಗೆ ಒಪ್ಪಿಗೆ ಕೊಟ್ಟಿತು. ಅಲ್ಲಿಗೆ ಹೆರೆಯುವ ಸುಖ ಮುಗಿಯಿತು. ಉಕ್ಕಿನ ಕೊಳವೆಯ ಗೋಡೆ ಮೊದಲೇ ತೆಳು, ಅದನ್ನು ಉಜ್ಜಿ ಬಳುಕು ತರುತ್ತೇನೆ ಅನ್ನುವುದು ಹುಚ್ಚಾಟ.

ಉಳಿದದ್ದು ಒಂದು ಉಪಾಯ, ಶಾಫ್ಟ್‌ಗಳನ್ನು ಒಂದೊಂದು ಮನೆ ಕೆಳಗೆ ಸರಿಸುವುದು. ನಾಲ್ಕನೇ ಐರನ್‌ನ ಶಾಫ್ಟ್ ಐದಕ್ಕೆ, ಐದರದ್ದು ಆರಕ್ಕೆ, ಹೀಗೆ ಒಂಬತ್ತರದ್ದು ಪಿಚಿಂಗ್ ವೆಜ್ ಅನ್ನುವ ಎಲ್ಲಕ್ಕಿಂತ ಗಿಡ್ಡ ಐರನ್‌ಗೆ. ಇದರಿಂದ ಯಾಕೆ ಬಳುಕು ಬರುತ್ತದೆ? ಐರನ್ ನಂಬರ್ ಒಂದು ಹೆಚ್ಚಾದ ಹಾಗೆ ಕೋಲು ಅರ್ಧ ಇಂಚು ಗಿಡ್ಡ, ತಲೆ ಸುಮಾರು 7 ಗ್ರಾಂ ಭಾರ. ನಾಲ್ಕರ ಶಾಫ್ಟ್ ಮಾಡಿದ್ದು ಹಗುರ ತಲೆಗೆ. ಅದಕ್ಕೆ ಐದರ ಭಾರದ ತಲೆ ಕೂರಿಸಿದರೆ ಜಾಸ್ತಿ ಬಾಗುತ್ತದೆ. ಅಡಿಕೆ ತೋಟದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅದೇ ದೋಟಿಗೆ ಭಾರದ ಕತ್ತಿ ಕಟ್ಟಿ ನೋಡಿ, ತುದಿ ಹೇಗೆ ತೂಗುತ್ತದೆ ಅಂತ.

ಶಾಫ್ಟ್ ತುದಿಯನ್ನು ವರ್ನಿಯರ್‌ನಲ್ಲಿ ಅಳೆದೆ. 9 ಮಿಲಿಮೀಟರ್, ಮೇಲೆ ಹೋದಂತೆ ಸ್ವಲ್ಪ ಸ್ವಲ್ಪ ದಪ್ಪ. ಇದು 0.355 ಇಂಚಿನ ಮೊನಚು ತುದಿಯ ಜಾತಿ, ಒಂದೊಂದು ಐರನ್‌ಗೆ ಒಂದೊಂದು ಉದ್ದದಲ್ಲಿ ತಯಾರಾಗಿ ಬರುತ್ತದೆ. 0.370 ಇಂಚಿನ ಇನ್ನೊಂದು ಜಾತಿಯಲ್ಲಿ ತುದಿ ಒಂದೇ ಸಮ ಇರುತ್ತದೆ, ಬೇಕಾದಷ್ಟು ಕತ್ತರಿಸಿ ಹಾಕುತ್ತಾರೆ. ನನ್ನದು ಮೊದಲನೆಯದಾದ್ದರಿಂದ ಸರಿಸುವ ಆಟಕ್ಕೆ ಹೇಳಿ ಮಾಡಿಸಿದ ಹಾಗಿತ್ತು.

ತಲೆ ಬಿಚ್ಚಲು ಬಿಸಿ ಬೇಕು. ಒಳಗಿರುವುದು ಎಪಾಕ್ಸಿ ಅಂಟು, ಕಾದರೆ ಸಡಿಲವಾಗುತ್ತದೆ. ಗ್ಯಾಸ್ ಬೆಂಕಿ ಹಿಡಿದರೆ ಮೇಲಿನ ಕ್ರೋಮ್ ನೀಲಿ ತಿರುಗುತ್ತದೆ. ಬೈಕಿಗೆ ರೇಡಿಯಂ ಸ್ಟಿಕರ್ ಅಂಟಿಸುವ ಅಂಗಡಿಯಲ್ಲಿ ಬಿಸಿಗಾಳಿ ಗನ್ ಇರುತ್ತದೆ. ಪರಿಚಯದ ಹುಡುಗ ಭಾನುವಾರಕ್ಕೆ ಕೊಟ್ಟ. ಶಾಫ್ಟ್ ತಲೆಯೊಳಗೆ ಕೂರುವ ಕುತ್ತಿಗೆಗೆ ಎರಡು ನಿಮಿಷ ಗಾಳಿ ಹಿಡಿದೆ. ಅಲ್ಲಿ ಸುತ್ತ ಹಾಕಿರುವ ಪ್ಲಾಸ್ಟಿಕ್ ಬಳೆ ಮೆತ್ತಗಾಯಿತು, ಕಮಟು ವಾಸನೆ ಬಂತು. ದಪ್ಪ ಕೈಗವಸು ಹಾಕಿ ತಿರುಚಿ ಎಳೆದೆ. ಟಪ್ ಅಂತ ಬಂತು. ಒಂದು ಗಂಟೆಯಲ್ಲಿ ಏಳು ತಲೆಗಳು ಸಾಲಾಗಿ ಜಗಲಿ ಮೇಲೆ ಕೂತವು. ಗೆದ್ದೆ ಅನ್ನಿಸಿತು.

ಅದೇ ಹುಮ್ಮಸ್ಸಿನಲ್ಲಿ ಹೈಬ್ರಿಡ್‌ಗೂ ಗಾಳಿ ಹಿಡಿದು ತಿರುಚಿದೆ. ಅದರ ಶಾಫ್ಟ್ ಗ್ರಾಫೈಟ್ ಅನ್ನುವುದು ಕಣ್ಣಿಗೆ ಕಾಣುತ್ತಲೇ ಇತ್ತು. ತಲೆಗೆ ಹೋಗಲಿಲ್ಲ. ಕರ್ ಅಂತ ಒಂದು ಸದ್ದು. ತಲೆ ಬಂತು, ಜೊತೆಗೆ ಶಾಫ್ಟ್ ತುದಿ ಹುಣಸೆ ಬರಲಿನ ಹಾಗೆ ಸೀಳಿ ಬಂತು.

ಮರುದಿನ ಅದನ್ನು ಹಿಡಿದುಕೊಂಡು ತೀರ್ಥಹಳ್ಳಿಗೆ ಹೋದೆ. ಅಲ್ಲಿ ಕಾರ್ಬನ್ ಫೈಬರ್ ದೋಟಿ ರಿಪೇರಿ ಮಾಡುವ ಹುಡುಗ ಒಬ್ಬನಿದ್ದಾನೆ. ಈಗ ಮರ ಹತ್ತುವವರು ಸಿಗುವುದು ಕಷ್ಟ, ನೆಲದಲ್ಲಿ ನಿಂತೇ ಆ ಉದ್ದದ ದೋಟಿಯಿಂದ ಔಷಧಿ ಹೊಡೆಯುತ್ತಾರೆ, ಕೊನೆ ಕೊಯ್ಯುತ್ತಾರೆ. ದೋಟಿ ಒಡೆದರೆ ಎಲ್ಲರೂ ಇವನ ಹತ್ತಿರವೇ ಬರುವುದು. ನನ್ನ ಕೋಲನ್ನು ಒಮ್ಮೆ ತಿರುಗಿಸಿ ನೋಡಿದ.

‘ತಿರುಚಿದ್ರಾ ಮೇಷ್ಟ್ರೇ?’

‘ಹೂಂ.’

‘ಉದ್ದಕ್ಕೆ ಎಳೆದ್ರೆ ಏನೂ ಆಗ್ತಿರಲಿಲ್ಲ. ಎಳೆ ಇರೋದೇ ಉದ್ದಕ್ಕೆ. ತಿರುಚಿದ್ರೆ ಸೀಳ್ದೆ ಏನ್ ಮಾಡುತ್ತೆ? ಬಿಸಿನೂ ಜಾಸ್ತಿ ಕೊಟ್ಟಿದ್ದೀರಿ. ಅಂಟು ಬಿಡೋ ಹೊತ್ತಿಗೆ ಇದರೊಳಗಿನ ಅಂಟೂ ಬಿಟ್ಟಿದೆ.’

ನನ್ನ ಮೂವತ್ತು ವರ್ಷದ ಪಾಠ ಅವನ ನಾಲ್ಕು ಮಾತಿನ ಮುಂದೆ ನಿಲ್ಲಲಿಲ್ಲ. ಕಾರ್ಬನ್ ಎಳೆಗಳನ್ನು ಹಿಡಿದಿಟ್ಟಿರುವುದೂ ಒಂದು ಬಗೆಯ ರಾಳವೇ. ಹೊರಗಿನ ಅಂಟು ಕರಗಿಸುವ ಶಾಖ ಒಳಗಿನದನ್ನೂ ಕೆಡಿಸುತ್ತದೆ. ಕತ್ತರಿಸುವ ಪಾಠವನ್ನೂ ಅವನೇ ಹೇಳಿಕೊಟ್ಟ. ಕತ್ತರಿಸುವ ಜಾಗಕ್ಕೆ ಟೇಪ್ ಬಿಗಿಯಾಗಿ ಸುತ್ತಬೇಕು. ಸಣ್ಣ ಹಲ್ಲಿನ ಬ್ಲೇಡ್ ಬೇಕು. ಒಂದೇ ಕಡೆಯಿಂದ ಕೊಯ್ಯದೆ ಸುತ್ತ ತಿರುಗಿಸುತ್ತಾ ಕೊಯ್ಯಬೇಕು. ಮೂಗಿಗೆ ಮಾಸ್ಕ್ ಹಾಕಬೇಕು. ಆ ಕರಿ ಪುಡಿ ಚರ್ಮಕ್ಕೆ ತಾಗಿದರೆ ಸುಣಂಗು ತಾಗಿದ ಹಾಗೆ ತುರಿಸುತ್ತದೆ, ಒಳಗೆ ಹೋದರೆ ಕೇಳುವುದೇ ಬೇಡ. ದುಡ್ಡು ತಗೊಳ್ಳಲಿಲ್ಲ. ಒಂದು ಕಾಫಿ ಕುಡಿಸಿದೆ.

ಡ್ರೈವರ್‌ಗೆ ಹೆದರಿ ಹೆದರಿ ಕೈ ಹಾಕಿದೆ. ತಿರುಚದೆ ನೇರವಾಗಿ ನೂಕಲು ಒಂದು ಏರ್ಪಾಟು ಬೇಕಿತ್ತು. ಶಾಫ್ಟನ್ನು ಮರದ ತುಂಡಿನ ನಡುವೆ ವೈಸ್‌ನಲ್ಲಿ ಕಚ್ಚಿಸಿ, ವೈಸ್‌ಗೂ ತಲೆಯ ಕುತ್ತಿಗೆಗೂ ನಡುವೆ ಕಾರಿನ ಸಣ್ಣ ಜಾಕ್ ಇಟ್ಟೆ. ಸ್ವಲ್ಪ ಬಿಸಿ, ಜಾಕ್ ಕಾಲು ಸುತ್ತು. ಮತ್ತೆ ಸ್ವಲ್ಪ ಬಿಸಿ, ಮತ್ತೆ ಕಾಲು ಸುತ್ತು. ಇಪ್ಪತ್ತು ನಿಮಿಷ ಹಿಡಿಯಿತು. ಶಾಫ್ಟ್ ಒಂದು ಗೆರೆಯಿಲ್ಲದೆ ಹೊರಗೆ ಬಂದಾಗ ಮೈ ಬೆವೆತಿತ್ತು. ಹೊರಗೆ ಧೋ ಅಂತ ಮಳೆ.

ತುದಿಯಿಂದ ಒಂದಿಂಚು ಕತ್ತರಿಸಿದೆ. ಅಂಟಿಸಿ, ಒಣಗಿಸಿ, ಎಣಿಸಿದರೆ 252 ಇದ್ದದ್ದು 264 ಆಗಿತ್ತು. ಇದು ನನಗೆ ಬೇಕಾದ್ದಕ್ಕಿಂತ ಸ್ವಲ್ಪ ಜಾಸ್ತಿಯೇ. ಇನ್ನೊಂದು ತೊಂದರೆ, ಕೋಲು ಗಿಡ್ಡವಾಗಿದ್ದಕ್ಕೆ ತಲೆ ಇದೆಯೋ ಇಲ್ಲವೋ ಅನ್ನುವಷ್ಟು ಹಗುರ ಅನ್ನಿಸಿತು. ಬೀಸುವಾಗ ತಲೆಯ ಭಾರ ಕೈಗೆ ಎಷ್ಟು ಗೊತ್ತಾಗುತ್ತದೆ ಅನ್ನುವುದಕ್ಕೆ ಸ್ವಿಂಗ್ ವೇಟ್ ಅಂತಾರೆ. ಅರ್ಧ ಇಂಚು ಕಡಿಮೆಯಾದರೆ ಅದು ಮೂರು ಅಂಕ ಇಳಿಯುತ್ತದೆ. ಒಂದು ಅಂಕ ವಾಪಸ್ ತರಲು ತಲೆಗೆ ಸುಮಾರು 2 ಗ್ರಾಂ ಸೇರಿಸಬೇಕು. ಹಾಗೆ ಸೇರಿಸಿದರೆ ಕೋಲು ಮತ್ತೆ ಬಳುಕುತ್ತದೆ! ಈ ಹಗ್ಗಜಗ್ಗಾಟ ಅರ್ಥವಾದ ದಿನ ನನಗೆ ನಿಜವಾಗಿ ಖುಷಿಯಾಯಿತು. ಬಿಗಿ, ಉದ್ದ, ಭಾರ, ಈ ಮೂರರಲ್ಲಿ ಒಂದನ್ನೇ ಮುಟ್ಟುತ್ತೇನೆ ಅಂದರೆ ಉಳಿದೆರಡು ಬಿಡುವುದಿಲ್ಲ.

ಇದಕ್ಕೆ ಸೀಸದ ಪಟ್ಟಿ ಅಂಟಿಸುತ್ತಾರೆ. ಇಲ್ಲಿ ಅದು ಎಲ್ಲಿ ಸಿಗಬೇಕು? ಬೀಸುಬಲೆಗೆ ಪೋಣಿಸುವ ಸೀಸದ ಗುಂಡು ಸಿಕ್ಕಿತು. ಸುತ್ತಿಗೆಯಿಂದ ತಟ್ಟಿ ತೆಳ್ಳಗೆ ಮಾಡಿ, ಅಡುಗೆಮನೆ ತಕ್ಕಡಿಯಲ್ಲಿ ತೂಗಿ 8 ಗ್ರಾಂ ಅಂಟಿಸಿದೆ. ಸೀಸ ಮುಟ್ಟಿದ ಮೇಲೆ ಕೈ ಸೋಪಿನಲ್ಲಿ ತೊಳೆಯಬೇಕು. ತಕ್ಕಡಿಯನ್ನೂ ತೊಳೆದೆ. ಆದರೂ ಇವಳು ಹೊಸ ತಕ್ಕಡಿ ತರಿಸಿದಳು. ಮತ್ತೆ ಎಣಿಸಿದೆ, 259. ಅಲ್ಲಿಗೆ ನಿಲ್ಲಿಸಿದೆ.

ಐರನ್‌ಗಳಿಗೆ ವಾಪಸ್ ಬರುತ್ತೇನೆ. ಸರಿಸಿ ಹಾಕುವ ಮೊದಲು ಹಿಡಿಯ ಕಡೆ ಅರ್ಧ ಇಂಚು ಕತ್ತರಿಸಬೇಕು, ಇಲ್ಲದಿದ್ದರೆ ಒಂದೊಂದೂ ಉದ್ದವಾಗುತ್ತದೆ. ಅದಕ್ಕೆ ಗ್ರಿಪ್, ಅಂದರೆ ಹಿಡಿಯ ಮೇಲಿನ ರಬ್ಬರ್ ತೊಡುಗೆ ತೆಗೆಯಬೇಕು. ಕೊಯ್ದು ತೆಗೆದರೆ ಹೊಸದು ಕೊಳ್ಳಬೇಕು. ಪಂಕ್ಚರ್ ಅಂಗಡಿಯಲ್ಲಿ ಗ್ರಿಪ್‌ನ ತಲೆಯ ತೂತಿಗೆ ಗಾಳಿ ಬಿಡಿಸಿದೆ. ರಬ್ಬರ್ ಪೂರಿಯ ಹಾಗೆ ಉಬ್ಬಿ ತಾನಾಗಿ ಜಾರಿ ಬಂತು. ಏಳರಲ್ಲಿ ಆರು ಉಳಿದವು, ಒಂದು ಪಟಾರ್ ಅಂತು. ಉಕ್ಕನ್ನು ಫ್ರಿಜ್ ರಿಪೇರಿಯವರ ಪೈಪ್ ಕಟರ್‌ನಲ್ಲಿ ಕತ್ತರಿಸಿದೆ. ಮತ್ತೆ ಗ್ರಿಪ್ ಹಾಕುವಾಗ ಎರಡು ಕಡೆ ಅಂಟಿರುವ ಟೇಪ್ ಸುತ್ತಿ, ಮೇಲೆ ಟರ್ಪೆಂಟೈನ್ ಸುರಿದು ಸರಕ್ಕನೆ ತಳ್ಳಬೇಕು. ಅರ್ಧದಲ್ಲಿ ನಿಂತು ಯೋಚಿಸಿದರೆ ಅಲ್ಲೇ ಕಚ್ಚಿಕೊಳ್ಳುತ್ತದೆ.

ಅಂಟಿನ ವಿಷಯದಲ್ಲಿ ಅವಸರ ಮಾಡಿ ಇನ್ನೊಂದು ಪೆಟ್ಟು ತಿಂದೆ. ಏಳನೇ ಐರನ್‌ಗೆ ಐದು ನಿಮಿಷದಲ್ಲಿ ಗಟ್ಟಿಯಾಗುವ ಅಂಟು ಹಾಕಿದೆ, ಅದೂ ಒಳಗಿನ ಹಳೇ ಅಂಟನ್ನು ಸರಿಯಾಗಿ ಕೆರೆಯದೆ. ಅಂಗಳದಲ್ಲಿ ಅಡಿಕೆಗೆ ಹೊದೆಸುವ ಹಸಿರು ನೆಟ್ ಕಟ್ಟಿ, ಅದಕ್ಕೆ ಹೊಡೆಯುತ್ತಿದ್ದೆ. ಮೂರನೇ ಹೊಡೆತಕ್ಕೆ ಕೈ ಹಗುರವಾಯಿತು. ಚೆಂಡು ಅಲ್ಲೇ ಇತ್ತು. ತಲೆ ನೆಟ್ ದಾಟಿ ಹಲಸಿನ ಬುಡದ ಕೆಸರಿನಲ್ಲಿ ಕೂತಿತ್ತು. ಆ ದಿಕ್ಕಿನಲ್ಲಿ ಯಾರೂ ಇರಲಿಲ್ಲ, ದೇವರು ದೊಡ್ಡವನು. ಆಮೇಲೆ ಕ್ರಮವಾಗಿ ಮಾಡಿದೆ. ಕುತ್ತಿಗೆಯೊಳಗೆ ತಂತಿ ಬ್ರಷ್ ಹಾಕಿ ಕೆರೆದು, ಶಾಫ್ಟ್ ತುದಿಯನ್ನು ಒಂದಿಂಚು ಮರಳು ಕಾಗದದಿಂದ ಉಜ್ಜಿ, ನಿಧಾನವಾಗಿ ಗಟ್ಟಿಯಾಗುವ ಅಂಟು ಎರಡು ಸಮಭಾಗ ಕಲಸಿ ಹಾಕಿದೆ. ನಮ್ಮ ಜುಲೈ ತಂಡಿಯಲ್ಲಿ ಒಂದು ದಿನ ಸಾಲದು. ರಟ್ಟಿನ ಪೆಟ್ಟಿಗೆಯೊಳಗೆ 60 ವಾಟ್ ಬಲ್ಬ್ ಉರಿಸಿ, ಕೋಳಿಮರಿಗೆ ಕಾವು ಕೊಟ್ಟ ಹಾಗೆ ಎರಡು ದಿನ ಇಟ್ಟೆ. ಸುಟ್ಟುಹೋದ ಪ್ಲಾಸ್ಟಿಕ್ ಬಳೆಗಳ ಬದಲಿಗೆ ಆಟೋ ಕಾಂಪ್ಲೆಕ್ಸ್‌ನ ಲೇತ್‌ನಲ್ಲಿ ನನ್ನ ಹಳೇ ಶಿಷ್ಯನೊಬ್ಬ ನೈಲಾನ್ ರಾಡಿನಿಂದ ಕಡೆದು ಕೊಟ್ಟ. ಮೂಲಕ್ಕಿಂತ ಚೆನ್ನಾಗಿವೆ.

ಎಲ್ಲಾ ಮುಗಿದು ಆರನೇ ಐರನ್ ಎಣಿಸಿದರೆ 488 ಚಿತ್ರ. ಅಂದರೆ 295. ಇಷ್ಟೆಲ್ಲಾ ಮಾಡಿ ಸಿಕ್ಕಿದ್ದು ಬರೀ ಐದು! ಒಂದು ಅಕ್ಷರ ಇಳಿಯಬೇಕಾದರೆ ಹೆಚ್ಚುಕಡಿಮೆ ಹತ್ತು ಬೇಕು. ಇನ್ನೂ ಒಂದು ಮನೆ ಸರಿಸಬಹುದಿತ್ತು. ಆದರೆ ಅಷ್ಟು ಉದ್ದದ ಶಾಫ್ಟ್ ನನ್ನ ಹತ್ತಿರ ಇರಲಿಲ್ಲ.

ನವರಾತ್ರಿ ಕಳೆದ ಮೇಲೆ ಚಿಕ್ಕಮಗಳೂರಿಗೆ ಹೋದೆ. ಆಟದ ನಡುವೆ ಕೋಲಿನ ಗುಣ ಬದಲಾಯಿಸಬಾರದು ಅಂತ ನಿಯಮವಿದೆ, ಮೊದಲೇ ಮಾಡಿಕೊಂಡರೆ ಅಡ್ಡಿಯಿಲ್ಲ. ಶಾಫ್ಟ್ ಯಾವ ದಿಕ್ಕಿಗೆ ತಿರುಗಿಸಿದರೂ ಒಂದೇ ಸಮ ಬಾಗಬೇಕು ಅನ್ನುವುದೂ ನಿಯಮವೇ. ಅದನ್ನೂ ವೈಸ್‌ನಲ್ಲಿ ನಾಲ್ಕು ದಿಕ್ಕಿಗೂ ತಿರುಗಿಸಿ ನೋಡಿಕೊಂಡಿದ್ದೆ. ಏಳನೇ ಐರನ್ ಹಿಂದೆ 115 ಗಜ ಹೋಗುತ್ತಿತ್ತು, ಈಗ 120. ಆ ಐದು ಗಜ ಶಾಫ್ಟ್‌ನದ್ದೋ, ಹಸಿರು ನೆಟ್‌ಗೆ ಎರಡು ತಿಂಗಳು ಹೊಡೆದದ್ದರದ್ದೋ, ಪ್ರಮಾಣ ಮಾಡಿ ಹೇಳಲಾರೆ. ಚೆಂಡು ಮಾತ್ರ ಮೇಲೆ ಏಳುತ್ತದೆ. ಅಂಗೈ ಜುಮ್ ಅನ್ನುವುದು ನಿಂತಿದೆ. ಡ್ರೈವರ್ ಬಗ್ಗೆ ನನಗೆ ಅನುಮಾನವೇ ಇಲ್ಲ, ಅದು ಬೇರೆಯೇ ಕೋಲಾಗಿದೆ. ಗಿಡ್ಡವಾದದ್ದಕ್ಕೋ ಏನೋ, ಚೆಂಡು ಹೆಚ್ಚು ಸಲ ನಡುವಿಗೇ ತಾಗುತ್ತದೆ.

ಶಾಫ್ಟ್ ಇಲ್ಲದ ನಾಲ್ಕನೇ ಐರನ್‌ನ ತಲೆ ಈಗ ಮೇಜಿನ ಮೇಲೆ ಕಾಗದ ಹಾರದ ಹಾಗೆ ಕೂತಿದೆ. ಪಿಚಿಂಗ್ ವೆಜ್‌ನ ಶಾಫ್ಟ್ ಡೇರೆ ಗಿಡಕ್ಕೆ ಊರುಗೋಲಾಗಿದೆ, ಅಷ್ಟು ಬಿಗಿ ಇನ್ಯಾವುದಕ್ಕೂ ಇಲ್ಲ ಅಂತ ಇವಳೇ ಆರಿಸಿದ್ದು. ಹೋದ ವಾರ ಭಾವ ಫೋನ್ ಮಾಡಿದ್ದರು. ವಯಸ್ಸಾಯಿತು, ತಮ್ಮ ಹೊಸ ಸೆಟ್ ಕೂಡ ಬಿಗಿ ಅನ್ನಿಸುತ್ತಿದೆಯಂತೆ. ‘ಪಾರ್ಸೆಲ್ ಮಾಡ್ಲಾ?’ ಅಂದರು. ಗ್ರಾಫೈಟ್ ಆದರೆ ಬೇಡ ಭಾವ ಅಂದೆ.